ಖಾಲಿ ಎಂದರೆ ನಂಬದ ಸಿದ್ದಾಚಾರ್ರು

ಯಾರೇ ಏನೇ ಕೈಗೆ ಕೊಡಲಿ, ಸಿದ್ದಾಚಾರ್ರು ಮೊದಲು ಅದರ ಬಾಯನ್ನು ನೆಲದ ಕಡೆಗೆ ಬಗ್ಗಿಸುತ್ತಿದ್ದರು. ಆಮೇಲೆ ಒಳಗೆ ಇಣುಕುವುದು. ಆಮೇಲೆ ಕಿರುಬೆರಳನ್ನು ತೂರಿಸಿ ಒಂದು ಸುತ್ತು ತಿರುಗಿಸುವುದು. ಮಿಕ್ಸಿ ಜಾರಾಗಲಿ, ಔಷಧಿ ಹೊಡೆಯುವ ಪಂಪಿನ ನಳಿಕೆಯಾಗಲಿ, ಊಟದ ಡಬ್ಬಿಯಾಗಲಿ, ಇದೇ ಶಾಸ್ತ್ರ. ಪಾಂಡವಪುರದ ಬಸ್ ನಿಲ್ದಾಣದ ಹಿಂದಿನ ರಸ್ತೆಯಲ್ಲಿ ಅವರ ರಿಪೇರಿ ಅಂಗಡಿ. ಅಲ್ಲೊಂದು ಸ್ಟೂಲಿತ್ತು. ಅವರು ಅದರ ಮೇಲೆ ಕೂತಿದ್ದನ್ನು ನಾನು ಆರು ವರ್ಷದಲ್ಲಿ ಒಮ್ಮೆಯೂ ನೋಡಲಿಲ್ಲ. ನಿಂತೇ ಕೆಲಸ, ನಿಂತೇ ಊಟ. ಮಾತಾಡುವಾಗಲೂ ಕಾಲು ಬದಲಿಸುತ್ತ, ಬಸ್ಸು ತಪ್ಪಿಹೋಗುತ್ತದೇನೋ ಎನ್ನುವ ಹಾಗೆ ರಸ್ತೆಯ ಕಡೆಗೇ ಕಣ್ಣು. ನನ್ನದೂ ಕೂತಲ್ಲಿ ಕೂರಲಾಗದ ಸ್ವಭಾವವೇ. ಕಾಲೇಜಿನಲ್ಲಿ ನಾನು ಇತಿಹಾಸ ಪಾಠ ಮಾಡುತ್ತ ಅತ್ತಿಂದಿತ್ತ ಓಡಾಡುವುದನ್ನು ನೋಡಿ ಮಕ್ಕಳಿಗೆ ಕತ್ತು ನೋವು ಬರುತ್ತದಂತೆ. ನಮ್ಮಿಬ್ಬರಿಗೆ ಹೊಂದಿದ್ದು ಅದಕ್ಕೇ ಇರಬೇಕು.

ಗ್ರೈಂಡರ್ ನೋಡಲು ಮೊದಲ ಸಲ ಮನೆಗೆ ಬಂದ ದಿನವೇ ಎಡವಟ್ಟಾಯಿತು. ನಮ್ಮತ್ತೆ ಅವರ ಕೈಗೆ ಲೋಟ ಕೊಟ್ಟು, ನೀರಿನ ತಂಬಿಗೆ ತರಲು ಒಳಗೆ ಹೋದರು. ಬಂದು ನೋಡಿದರೆ ಇವರು ಲೋಟ ಬೋರಲು ಮಾಡಿ, ಇಣುಕಿ, ಕಿರುಬೆರಳು ತಿರುಗಿಸುತ್ತಿದ್ದಾರೆ. ಅತ್ತೆ ಕಿಕ್ಕೇರಿಯ ಹೆಣ್ಣುಮಗಳು, ಪಾತ್ರೆ ಬೆಳಗುವುದರಲ್ಲಿ ಯಾರಿಗೂ ಸೋತವರಲ್ಲ.

"ಯಾಕಪ್ಪ, ನಮ್ಮನೆ ಲೋಟ ಕೊಳೆ ಅದಾ? ಬೂದಿ ಆಕಿ ತಿಕ್ಕಿವ್ನಿ."

"ತೆಪ್ಪು ತಿಳ್ಕಬ್ಯಾಡಿ ಕಣವ್ವ," ಎಂದರು ಆಚಾರ್ರು. "ಕೈ ಅಂಗೇ ವೋಯ್ತದೆ. ಇಪ್ಪತ್ನಾಕು ವರ್ಸ ಮಿಲ್ಟ್ರೀಲಿ ಬಂದೂಕ, ಪಿಸ್ತೂಲು ರಿಪೇರಿ ಮಾಡ್ದೋನು. ಖಾಲಿ ಅಂತ ಯಾರಾರ ಅಂದ್ರೆ ನಾನ್ ನಂಬಕಿಲ್ಲ. ಖಾಲಿ ಅಂತ ನನ್ ಬೆರಳೇ ಏಳ್ಬೇಕು."

ಅತ್ತೆಗೆ ಈ ಸಮಾಧಾನ ರುಚಿಸಲಿಲ್ಲ. ಅಂದಿನಿಂದ ಅವರು ಬಂದರೆ ಚೊಂಬಿನಲ್ಲೇ ನೀರು.

ಅವರ ಊರು ನಾಗಮಂಗಲದ ಕಡೆಯ ದೇವಲಾಪುರ. ಅಪ್ಪ, ತಾತ ಕುಲುಮೆಯಲ್ಲಿ ಕುಡುಗೋಲು, ನೇಗಿಲ ಗುಳ ತಟ್ಟಿದವರು. ಇವರು ಹತ್ತೊಂಬತ್ತಕ್ಕೇ ಸೈನ್ಯ ಸೇರಿದರು. ಕಬ್ಬಿಣದ ಮಾತು ತಿಳಿದ ಹುಡುಗ ಎಂದು ಅಲ್ಲಿಯೂ ಆಯುಧ ದುರಸ್ತಿಗೇ ಹಾಕಿದರಂತೆ. ಶ್ರೀರಂಗಪಟ್ಟಣದ ಯುದ್ಧದ ಪಾಠಕ್ಕೆ ನಾನು ತಯಾರಿ ಮಾಡುತ್ತಿದ್ದಾಗ ಒಮ್ಮೆ ನನ್ನ ಪುಸ್ತಕ ತಿರುವಿ ಹಾಕಿ, "ಇದ್ರಲ್ಲಿ ಬರೀ ರಾಜ್ರು ಅವ್ರೆ. ಅವ್ರ ಸೊಂಟದಾಗಿದ್ದುದ್ ಏನಾಯ್ತು?" ಎಂದರು. ಪಿಸ್ತೂಲಿನ ಮಾತು ಪುಸ್ತಕದಲ್ಲಿರಲಿಲ್ಲ. ಅವರು ನಮ್ಮ ಅಡುಗೆಮನೆಯಲ್ಲಿ ನಿಂತೇ ಪಾಠ ಶುರು ಮಾಡಿದರು.

"ಮೊದ್ಲು ಬತ್ತಿ ಹಚ್ಚಿ ಹೊಡ್ಯೋ ಬಂದೂಕ. ಕುದ್ರೆ ಮ್ಯಾಲೆ ಕುಂತೋನು ಲಗಾಮು ಇಡ್ಕಂಡು ಬತ್ತಿ ಎಂಗ್ ಊದಾನು? ಅದ್ಕೇ ಒಂಟಿ ಕೈಲಿ ಹೊಡ್ಯೋ ಪಿಸ್ತೂಲು ಬಂತು. ಮೊದ್ಲು ಚಕ್ರ ತಿರುಗ್ಸಿ ಕಿಡಿ ಎಬ್ಸೋದು, ಆಮ್ಯಾಕೆ ಚಕಮಕಿ ಕಲ್ಲಿಂದು. ಒಂದೇ ಗುಂಡು. ಅದು ಮುಗುದ್ರೆ ತಿರುಗ್ಸಿ ಇಡ್ಕಂಡು, ಹಿಡಿಯಿಂದ್ಲೇ ಮಂಡೆಗ್ ಬುಡಾದು."

ಆಮೇಲೆ ಒಗ್ಗರಣೆ ಡಬ್ಬಿ ಎಳೆದುಕೊಂಡು ಮುಚ್ಚಳ ತೆಗೆದರು. ಸುತ್ತ ಆರು ಬಟ್ಟಲು. "ಇಗೋ, ರಿವಾಲ್ವಾರು. ಸಾಸ್ವೆ ಮುಗುದ್ರೆ ಜೀರ್ಗೆ, ಜೀರ್ಗೆ ಮುಗುದ್ರೆ ಮೆಂತ್ಯ. ಇದೂ ವಾಸಿ ಕಣವ್ವ, ಎಷ್ಟ್ ಬಟ್ಲು ತುಂಬವೆ ಅಂತ ಕಣ್ಣಿಗ್ ಕಾಣ್ತದೆ. ಆಮ್ಯಾಕೆ ಬಂತು ನೋಡಿ ಈಗಿಂದು, ಹಿಡಿಯೊಳ್ಗೆ ಗುಂಡಿನ ಗೂಡು ತೂರ್ಸೋದು. ಅದು ಕಳ್ಳಿ. ಗೂಡು ಎಳ್ದು ನೋಡಿ ಖಾಲಿ ಅಂತೀವಿ, ಒಂದು ಗುಂಡು ನಳಿಗೇಲಿ ಮುದುರ್ಕಂಡಿರ್ತದೆ."

ಹೇಳುತ್ತ ಹೇಳುತ್ತ ಬಾಗಿಲ ತನಕ ಹೋಗಿ ಬಂದರು. "ಮೊದ್ಲು ಒಂದು ಹೊಡ್ದು ಇನ್ನೊಂದು ತುಂಬೋಗಂಟ ಕ್ವಾಪ ಇಳಿಯೋದು. ಈಗ ಕ್ವಾಪ ಇಳಿಯಾಕೆ ಟೈಮೇ ಇಲ್ಲ."

ಮಾರನೆಯ ದಿನ ಒಗ್ಗರಣೆ ಡಬ್ಬಿಯನ್ನೇ ತರಗತಿಗೆ ಒಯ್ದೆ. ಮಕ್ಕಳು ಆ ಪಾಠ ಮರೆಯಲಿಲ್ಲ. ಮೆಂತ್ಯ ಚೆಲ್ಲಿಕೊಂಡು ಬಂದದ್ದಕ್ಕೆ ಅತ್ತೆಯೂ ಮರೆಯಲಿಲ್ಲ.

ಹೀಗಿರುವಾಗ ಶ್ರೀರಂಗಪಟ್ಟಣದ ಪಕ್ಕದ ಗಂಜಾಂನಲ್ಲಿ ನನ್ನ ಮೈದುನ ಶಿವು ಹಳೇ ಮನೆಯ ಮಣ್ಣುಗೋಡೆ ಕೆಡವಿಸುತ್ತಿದ್ದ. ಗೋಡೆಯ ಗೂಡಿನಲ್ಲಿ ಎಣ್ಣೆಬಟ್ಟೆಯ ಗಂಟೊಂದು ಸಿಕ್ಕಿತು. ಒಳಗೆ ಚಕಮಕಿ ಪಿಸ್ತೂಲು. ಶಿವು ನನಗೆ ಫೋನು ಮಾಡಿದ. ಸರ್ಕಾರಕ್ಕೆ ಒಪ್ಪಿಸುವುದಕ್ಕೆ ಮುಂಚೆ ಒಮ್ಮೆ ನೋಡಲೇಬೇಕು. ಕಾಲೇಜಿಗೆ ಅರ್ಧ ದಿನ ರಜೆ ಹಾಕಿ, ಆಚಾರ್ರನ್ನು ಬಸ್ಸಿಗೆ ಹತ್ತಿಸಿಕೊಂಡು ಹೊರಟೆ.

ಅಂಗಳದಲ್ಲಿ ಬೀದಿಯ ಜನವೆಲ್ಲ ಸೇರಿದ್ದರು. ಒಬ್ಬೊಬ್ಬರೂ ಪಿಸ್ತೂಲು ಹಿಡಿದು ಫೋಟೊ ತೆಗೆಸಿಕೊಳ್ಳುತ್ತಿದ್ದರು. ನಾವು ಒಳಗೆ ಕಾಲಿಟ್ಟೊಡನೆ ಶಿವು ಅದನ್ನು ನನ್ನ ಎದೆಗೆ ಗುರಿಯಿಟ್ಟು, "ಅತ್ಗೆ, ಕೈ ಎತ್ರಿ" ಎಂದು ನಕ್ಕ. ಆಚಾರ್ರು ಯಾವಾಗ ಮುಂದೆ ನುಗ್ಗಿದರೋ ಗೊತ್ತಾಗಲಿಲ್ಲ. ಶಿವುವಿನ ಮುಂಗೈಗೆ ಬಲವಾದ ಒಂದು ಏಟು ಬಿತ್ತು. ಪಿಸ್ತೂಲು ಕಲ್ಲುಚಪ್ಪಡಿಯ ಮೇಲೆ ಬಿದ್ದು, ಇನ್ನೂರು ವರ್ಷ ಉಳಿದಿದ್ದ ಮರದ ಹಿಡಿ ಎರಡು ಹೋಳಾಯಿತು.

"ಖಾಲಿ ಕಣಯ್ಯ ಅದು, ತುಕ್ಕು ಇಡ್ದದೆ," ಎಂದು ಶಿವು ಕೈ ಉಜ್ಜಿಕೊಂಡ.

"ನೋಡಿದ್ಯೇನ್ಲಾ? ಬೆರಳಾಕಿ ನೋಡಿದ್ಯಾ?" ಆಚಾರ್ರ ದನಿ ಅಷ್ಟು ಜೋರಾಗಿ ನಾನು ಕೇಳಿರಲಿಲ್ಲ. ಅವರು ಕುಕ್ಕರುಗಾಲಿನಲ್ಲಿ ಕೂತು, ಒಂದು ತೆಳು ಕಡ್ಡಿಯನ್ನು ನಳಿಕೆಗೆ ಇಳಿಸಿದರು. ಮತ್ತೆ ಅದನ್ನು ನಳಿಕೆಯ ಹೊರಗೆ ಪಕ್ಕಕ್ಕಿಟ್ಟು ಅಳೆದರು. ಕಡ್ಡಿ ತಳದವರೆಗೂ ಹೋಗಿತ್ತು. ಒಳಗೆ ಮಣ್ಣಿನ ಕಣವೂ ಇರಲಿಲ್ಲ. ಜನ ಗೊಳ್ಳೆಂದು ನಕ್ಕರು.

ನನಗೆ ನಗು ಬರಲಿಲ್ಲ, ಮೈಯೆಲ್ಲ ಉರಿಯಿತು. ಬಸ್ ನಿಲ್ದಾಣದವರೆಗೂ ದಾರಿಯುದ್ದಕ್ಕೂ ಬೈದೆ. ಇತಿಹಾಸವನ್ನೇ ಮುರಿದಿರಿ ಎಂದೆ, ಬುದ್ಧಿ ನೆಟ್ಟಗಿದೆಯಾ ಎಂದೂ ಕೇಳಿದೆ. ಆ ಮಾತು ಆಡಬಾರದಿತ್ತು. ಬಸ್ಸಿನಲ್ಲಿ ಸೀಟಿದ್ದರೂ ಆಚಾರ್ರು ಕಂಬಿ ಹಿಡಿದು ನಿಂತು ಹೇಳಿದರು.

"ಕಿಕ್ಕೇರಿ ಬೋರೇಗೌಡ ಅಂತ. ನಾನೂ ಅವ್ನೂ ಮಿಲ್ಟ್ರೀಲಿ ಒಂದೇ ತಟ್ಟೇಲಿ ಉಂಡೋರು. ಒಂದಿನ ಡ್ಯೂಟಿ ಮುಗ್ಸಿ ಬಂದೋರ ಪಿಸ್ತೂಲು ಇಸ್ಕೊತಿದ್ದೆ. ಗುಂಡಿನ ಗೂಡು ಎಳ್ದು ನೋಡ್ದೆ, ಬರಿದಾಗಿತ್ತು. ತಿರ್ಗಾ ತೂರ್ಸಿ ಒರ್ಸಾಕೆ ಅವನ್ ಕೈಗ್ ಕೊಟ್ಟೆ. ಖಾಲಿ ಕಣ್ಲಾ ಅಂದೆ. ನಳಿಗೆ ನೋಡ್ಲಿಲ್ಲ. ಅವ್ನು ನಳಿಗೆ ಬಾಯಿಗೆ ಕೈಯಡ್ಡ ಇಡ್ದು, ಬಟ್ಟೇಲಿ ಒರುಸ್ತಾ ಕುದ್ರೆ, ಅದೇ ಟ್ರಿಗರ್ರು, ಎಳ್ದ. ಒಳ್ಗಿದ್ ಗುಂಡು ಸಿಡೀತು." ತಮ್ಮ ಬಲಗೈ ಬಿಡಿಸಿ ನಡುವಿನ ಮೂರು ಬೆರಳು ಮಡಚಿದರು. "ಇಷ್ಟೇ ಉಳೀತು ಅವನ್ಗೆ. ಎಬ್ಬೆಟ್ಟು, ಕಿರುಬೆರಳು."

ಬೈದ ಮಾತನ್ನೆಲ್ಲ ಹೇಗೆ ನುಂಗಲಿ ಎಂದುಕೊಳ್ಳುತ್ತ ಸೀಟು ಬಿಟ್ಟು ಅವರ ಪಕ್ಕ ನಿಂತೆ.

ಮನೆಗೆ ಬಂದು ಅತ್ತೆಗೆ ಹೇಳಿದರೆ, "ಅಯ್ಯೋ, ಆ ಬೋರೇಗೌಡ ನಮ್ಮ ತವರ ಬೀದಿಯವ್ನೇ ಕಣೆ. ಗಟ್ಟಿಯಾಗವ್ನೆ. ಡೈರಿಗೆ ಆಲು ಆಕ್ತಾನೆ," ಎಂದರು. ಮಾರನೆಯ ದಿನವೇ ಅಂಗಡಿಗೆ ಓಡಿದೆ. ಆಚಾರ್ರಿಗೆ ಅದು ಹೊಸ ಸುದ್ದಿಯಲ್ಲ.

"ಗೊತ್ತು ಕಣವ್ವ. ಎಷ್ಟೋ ಸಲ ಕಿಕ್ಕೇರಿಗೆ ಅಂತ ಟಿಕೀಟು ತಗಂಡಿವ್ನಿ. ದಾರೀಲಿ ಕೆ.ಆರ್.ಪೇಟೆ ಬಂದೇಟ್ಗೆ ಕಾಲು ಅವೇ ಇಳ್ಕಬುಡ್ತವೆ. ಈಚೆ ಬಸ್ಸು ಹತ್ತಿ ವಾಪಸ್ ಬಂದ್ಬುಡ್ತೀನಿ." ಕೈಯಲ್ಲಿದ್ದ ಸ್ಕ್ರೂಡ್ರೈವರನ್ನು ತಿರುಗಿಸುತ್ತಲೇ ಇದ್ದರು. "ನೀವ್ ಒಂದ್ಸಲ ಜೊತೇಲಿ ಬನ್ನಿ. ನೀವಿದ್ರೆ ಇಳ್ಯಕಿಲ್ಲ."

ಬರುತ್ತೇನೆ ಎಂದೆ. ಪರೀಕ್ಷೆ ಮುಗಿಯಲಿ ಎಂದೆ. ಪರೀಕ್ಷೆ ಮುಗಿದರೆ ಮೌಲ್ಯಮಾಪನ, ಮೌಲ್ಯಮಾಪನ ಮುಗಿದರೆ ನಾದಿನಿಯ ಮಗಳ ಮದುವೆ. ದಿನಕ್ಕೆ ಹತ್ತು ಕಡೆ ಓಡಾಡುವ ನನ್ನ ಕಾಲಿಗೆ ಆ ಒಂದು ಊರಿಗೆ ಪುರಸೊತ್ತಾಗಲಿಲ್ಲ. ಅವರು ಒತ್ತಾಯಿಸಲಿಲ್ಲ. ದಾರಿಯಲ್ಲಿ ಸಿಕ್ಕರೆ ಮುಖ ನೋಡಿ, "ಬಿಡುವಾ ಅವ್ವ?" ಎನ್ನುವರು. "ಮುಂದಿನ ವಾರ" ಎನ್ನುವೆ. ನಮ್ಮ ಕೊನೆಯ ಮಾತೂ ಅದೇ. ಆ ಮುಂದಿನ ವಾರ ಮಧ್ಯಾಹ್ನ ಅಂಗಡಿಯಲ್ಲಿ ನಿಂತಲ್ಲೇ ಕುಸಿದರಂತೆ. ಆಸ್ಪತ್ರೆ ತಲುಪುವಷ್ಟರಲ್ಲಿ ಎಲ್ಲ ಮುಗಿದಿತ್ತು.

ಅತ್ತೆ ತವರಿಗೆ ಸುದ್ದಿ ಮುಟ್ಟಿಸಿದ್ದರು. ಹದಿನೈದು ದಿನದ ಮೇಲೆ, ಒಂದು ಭಾನುವಾರ, ಬಿಳಿ ಪಂಚೆಯ ಮುದುಕರೊಬ್ಬರು ಮನೆ ಕೇಳಿಕೊಂಡು ಬಂದರು. ಅತ್ತೆ ಲೋಟ ಕೊಟ್ಟು ತಂಬಿಗೆ ತರಲು ತಿರುಗಿದರು. ಅವರು ಲೋಟವನ್ನು ಎಡಗೈಯಲ್ಲಿ ಬೋರಲು ಮಾಡಿ, ಇಣುಕಿ, ಬಲಗೈಯಲ್ಲಿ ಉಳಿದಿದ್ದ ಕಿರುಬೆರಳನ್ನು ಒಳಗೆ ತಿರುಗಿಸಿದರು. ಅತ್ತೆ ಈ ಸಲ ಸೆರಗಿನಿಂದ ಕಣ್ಣೊರೆಸಿಕೊಂಡು ನೀರು ಬಗ್ಗಿಸಿದರು.

"ಸಿದ್ದ ನನ್ ಇಚಾರ ಏನಾರ ಅಂತಿದ್ನಾ?" ಎಂದರು ಬೋರೇಗೌಡರು.

"ನಿಮ್ಮ ಮುಂದೆ ನಿಂತುಕೊಳ್ಳೋಕೆ ಧೈರ್ಯ ಸಾಲದು ಅಂತಿದ್ರು," ಎಂದೆ.

"ನಂಗೂ ಅದೇ ಆಗಿದ್ದು ಕಣವ್ವ. ಕೊಡೋನೂ ನೋಡ್ಬೇಕು, ಇಸ್ಕಳೋನೂ ನೋಡ್ಬೇಕು. ಅಂಗೇ ನಮ್ಗೆ ಕಲ್ಸಿದ್ದು. ಅವ್ನು ನೋಡ್ಲಿಲ್ಲ, ಸರಿ. ನಾನ್ ನೋಡಿದ್ನಾ? ಅರ್ಧ ತೆಪ್ಪು ನಂದು. ಅದ್ನ ಅವನ್ಗೆ ಏಳಾನ ಅಂತ ಎಲ್ಡು ಸಲ ಪಾಂಡವಪುರಕ್ಕೆ ವೊಂಟಿದ್ದೆ. ಕೆ.ಆರ್.ಪೇಟೇಲಿ ಇಳ್ದು ವಾಪಸ್ ವೋದೆ."

ನಾನು ಆಚಾರ್ರ ಜೊತೆ ಕಿಕ್ಕೇರಿಗೆ ಬರುತ್ತೇನೆಂದು ಹೇಳಿ ಹೋಗಲಿಲ್ಲ, ಅದನ್ನು ಬಚ್ಚಿಡದೆ ಹೇಳಿಬಿಟ್ಟೆ. "ಬುಡಿ ಅವ್ವ," ಎಂದು ಬೋರೇಗೌಡರು ಎದ್ದರು.

ನಾನೂ ಚಪ್ಪಲಿ ಮೆಟ್ಟಿ ಅವರ ಜೊತೆ ಹೊರಟೆ. ಆಚಾರ್ರ ಜೊತೆ ಹೋಗಬೇಕಿದ್ದ ಕಿಕ್ಕೇರಿಗೆ ಎರಡು ಟಿಕೆಟ್ ತೆಗೆದುಕೊಂಡೆ. ಬಸ್ಸು ಕೆ.ಆರ್.ಪೇಟೆಯಲ್ಲಿ ಹತ್ತು ನಿಮಿಷ ನಿಂತಿತು. ಇಬ್ಬರೂ ಇಳಿಯಲಿಲ್ಲ.