ಪಕ್ಕದ ಮನೆಯ ಕೊರೊಕ್ಕೆ

ಸಿಟ್ಟು ಬರದೆ ಇನ್ನೇನು? ಮೂರು ವಾರದಿಂದ ನಾನು ಮಾಡಿದ್ದನ್ನೆಲ್ಲ ನಾಲಿಗೆಯ ತುದಿಗೆ ತಾಗಿಸಿ, "ಟೂ ಸ್ಪೈಸಿ, ಅಜ್ಜಿ" ಎಂದು ತಟ್ಟೆ ಸರಿಸುತ್ತಿದ್ದ ಹುಡುಗಿ ಪಕ್ಕದ ಮನೆಗೆ ಆಡಲು ಹೋಗಿ ನಾಲ್ಕು ಆಲೂಗಡ್ಡೆ ಕಟ್ಲೆಟ್ಟು ತಿಂದು ಬಂದಿದ್ದಳು! ಬಾಯಿಯ ಸುತ್ತ ಬ್ರೆಡ್ಡಿನ ಪುಡಿ ಇನ್ನೂ ಅಂಟಿಕೊಂಡಿತ್ತು.

"ಕಟ್ಲೆಟ್ ಅಲ್ಲ ಅಜ್ಜಿ. ಕೊರೊಕ್ಕೆ," ಎಂದು ನನ್ನನ್ನೇ ತಿದ್ದಿದಳು.

ಆಗ ತೊಂಬತ್ತರ ದಶಕ. ಮಗಳ ಎರಡನೇ ಬಾಣಂತನಕ್ಕೆಂದು ಅಮೆರಿಕದ ಕೊಲಂಬಿಯಾ ಎಂಬ ಊರಿಗೆ ಹೋಗಿದ್ದೆ. ಹಿರಿಯ ಮೊಮ್ಮಗಳಿಗೆ ಆರು ವರ್ಷ. ಅವಳು ಸ್ಕೂಲ್ ಬಸ್ಸಿನಿಂದ ಇಳಿದು ಓಡಿ ಬರುವುದನ್ನು ಕಿಟಕಿಯಿಂದ ನೋಡಿದರೆ ಸಾಕು, ನನಗೆ ಎದೆಯೊಳಗೆ ಹಾಲು ಉಕ್ಕಿದ ಹಾಗಾಗುತ್ತಿತ್ತು. ಆದರೆ ನನ್ನ ಕೈಯಡುಗೆ ಅವಳ ಹೊಟ್ಟೆಗೆ ಇಳಿಯದಿದ್ದರೆ ನಾನು ಅಷ್ಟು ದೂರ ಹೋಗಿದ್ದಾದರೂ ಯಾವ ಪುರುಷಾರ್ಥಕ್ಕೆ?

ಪಕ್ಕದ ಮನೆಯವರು ಜಪಾನಿನವರು. ಅಲ್ಲೂ ಒಬ್ಬ ಅಜ್ಜಿ, ನನ್ನದೇ ವಯಸ್ಸು. ಮೊಮ್ಮಗ ನಮ್ಮವಳ ಕ್ಲಾಸಿನಲ್ಲೇ ಇದ್ದ. ಮಾರನೆಯ ದಿನ ಆಕೆಯೇ ಬಂದು, ಬಗ್ಗಿ ನಮಸ್ಕರಿಸಿ, ಒಂದು ಡಬ್ಬಿ ಕೊಟ್ಟರು.

"ಮೊಟ್ಟೆ ಗಿಟ್ಟೆ ಹಾಕಿದ್ದಾರೇನೇ?" ಎಂದು ಮಗಳನ್ನು ಕೇಳಿದೆ.

"ಇಲ್ಲಮ್ಮ. ನಾವು ವೆಜಿಟೇರಿಯನ್ ಅಂತ ಹೇಳಿದೀನಿ. ಮಾಂಸ ಹಾಕದೇ ಸೆಪರೇಟ್ ಆಗಿ ಮಾಡ್ತಾರೆ."

ಅರ್ಧ ಮುರಿದು ಬಾಯಿಗಿಟ್ಟೆ. ಆಲೂಗಡ್ಡೆ, ಈರುಳ್ಳಿ, ಉಪ್ಪು, ಚಿಟಿಕೆ ಮೆಣಸಿನ ಪುಡಿ. ಇಂಗಿಲ್ಲ, ಕರಿಬೇವಿಲ್ಲ, ಹಸಿಮೆಣಸಿನಕಾಯಿಯ ಸುಳಿವೇ ಇಲ್ಲ. ಜ್ವರ ಬಂದವರಿಗೆ ಮಾಡುವ ಪಥ್ಯವನ್ನು ಎಣ್ಣೆಯಲ್ಲಿ ಕರಿದಿದ್ದಾರೆ! ಅವರ ಮನೆಯಲ್ಲಿ ಅದು ಹಬ್ಬದ ತಿಂಡಿಯೂ ಅಲ್ಲವಂತೆ. ನಿನ್ನೆ ಮಿಕ್ಕ ಆಲೂಗಡ್ಡೆ ಇದ್ದರೆ ಇವತ್ತು ಅನ್ನದ ಜೊತೆಗೆ ಕೊರೊಕ್ಕೆ, ಅಷ್ಟೆ. ಅಂಥದ್ದಕ್ಕೆ ನನ್ನ ಮೊಮ್ಮಗಳು ಪ್ರಾಣ ಬಿಡುತ್ತಾಳೆ. ಬಾಣಂತಿಯೂ ಕೈ ಚಾಚಿದಳು. "ಆಲೂಗಡ್ಡೆ ವಾಯು ಕಣೇ, ಮುಟ್ಟೀಯ!" ಎಂದು ಡಬ್ಬಿ ಕಿತ್ತುಕೊಂಡೆ.

ಡಬ್ಬಿ ಖಾಲಿಯಾಯಿತು. ಖಾಲಿ ಡಬ್ಬಿಯನ್ನು ವಾಪಸು ಕೊಡುವುದು ಹೇಗೆ? ಬೋಂಡ ಮಾಡಿ ಕಳಿಸೋಣವೆಂದು ಬಾಣಲೆ ಇಟ್ಟೆ. ಎಣ್ಣೆ ಕಾಯುತ್ತಿದ್ದಂತೆ ಚಾವಣಿಗೆ ಹಾಕಿದ್ದ, ಹೊಗೆ ಕಂಡರೆ ಕೂಗುವ ಗಂಟೆ ಬಡಿದುಕೊಳ್ಳತೊಡಗಿತು.

"ಅಮ್ಮಾ! ಡೀಪ್ ಫ್ರೈ ಮಾಡಬೇಡ ಅಂತ ಎಷ್ಟು ಸಲ ಹೇಳ್ಲಿ? ಜಾಕೆಟ್ಟೆಲ್ಲ ವಾಸನೆ ಬರುತ್ತೆ!"

"ಪಕ್ಕದ ಮನೆಯವರು ಕರಿದರೆ ಬರಲ್ವಾ ವಾಸನೆ?"

ಮೊಮ್ಮಗಳು ಕುರ್ಚಿ ಹತ್ತಿ ಟವೆಲ್ಲಿನಿಂದ ಗಾಳಿ ಬೀಸಿದಳು. ಅಷ್ಟೆಲ್ಲ ಆದ ಮೇಲೆ, "ಯಾಕೆ ಅಜ್ಜಿ, ಎಂಪ್ಟಿ ಕೊಟ್ರೆ ಏನಾಗುತ್ತೆ?" ಎಂದಳು.

"ಖಾಲಿ ಕೊಡಬಾರದು ಪುಟ್ಟಾ. ಏನೂ ಇಲ್ಲದಿದ್ದರೆ ಒಂದು ಚೂರು ಬೆಲ್ಲವಾದರೂ ಹಾಕಬೇಕು."

ಹಾಗೆ ಎರಡು ವಾರ ಆ ಡಬ್ಬಿ ಬೇಲಿಯ ಆಚೆಗೂ ಈಚೆಗೂ ಓಡಾಡಿತು. ಅಷ್ಟರಲ್ಲಿ ಸ್ಕೂಲಿನಿಂದ ಚೀಟಿ ಬಂತು. ಶುಕ್ರವಾರ ಪ್ರತಿಯೊಂದು ಮಗುವೂ ತನ್ನ ಮನೆಯ ಅಡುಗೆ ಒಂದನ್ನು ತಂದು ಅದರ ಬಗ್ಗೆ ಕ್ಲಾಸಿಗೆ ಹೇಳಬೇಕಂತೆ. ಕೋಡುಬಳೆಯೋ ನಿಪ್ಪಟ್ಟೋ ಎಂದು ನಾನು ಆಗಲೇ ಮನಸ್ಸಿನಲ್ಲಿ ಹಿಟ್ಟು ಕಲಸತೊಡಗಿದ್ದೆ.

"ನಾನು ಕೊರೊಕ್ಕೆ ತಗೊಂಡ್ ಹೋಗ್ತೀನಿ," ಎಂದಳು.

ನನಗೆ ಉರಿದುಹೋಯಿತು. "ಮನೇಲಿ ಕಲ್ಲುಗುಂಡಿನ ಹಾಗೆ ಅಜ್ಜಿ ಕೂತಿರೋವಾಗ ಪಕ್ಕದ ಮನೆಯದ್ದು ಹೊತ್ಕೊಂಡು ಹೋಗ್ತೀಯಾ? ನಾನೇನು ಸತ್ತೆನೇ?"

ಅವಳು ನನ್ನ ಸೆರಗು ಹಿಡಿದಳು. "ನೋ ಅಜ್ಜಿ. ನೀನು ಮಾಡು. ಕೊರೊಕ್ಕೆ ನೀನು ಮಾಡು."

ಬಂದ ದಿನದಿಂದ ಅವಳು ನನ್ನನ್ನು 'ಮಾಡು' ಎಂದು ಕೇಳಿದ್ದು ಅದೊಂದೇ. ಬೇಡವೆನ್ನಲು ನನಗೇನು ಹುಚ್ಚೇ?

ಗುರುವಾರ ಆಲೂಗಡ್ಡೆ ಬೇಯಿಸಿ, ಬಿಸಿ ಇರುವಾಗಲೇ ಮಸೆದು, ತಟ್ಟಿ, ಬ್ರೆಡ್ಡಿನ ಪುಡಿಯಲ್ಲಿ ಹೊರಳಿಸಿ ಎಣ್ಣೆಗೆ ಬಿಟ್ಟೆ. ಬೋಂಡಕ್ಕೆ ನಲವತ್ತು ವರ್ಷದಿಂದ ಹೀಗೇ ಬಿಸಿಬಿಸಿ ಉಂಡೆ ಕಟ್ಟಿದವಳು ನಾನು. ಆದರೆ ಇದಕ್ಕೆ ಬೋಂಡದ ಹಾಗೆ ದಪ್ಪ ಹಿಟ್ಟಿನ ಅಂಗಿ ಇಲ್ಲವಲ್ಲ! ಒಂದೊಂದೂ ಬಾಯಿ ಬಿಟ್ಟು ಬಾಣಲೆಯ ತುಂಬ ಗಂಜಿಯಾಯಿತು. ಗಂಟೆ ಹೊಡೆದುಕೊಂಡಿತು, ಮಗು ಅತ್ತಿತು, ಮಗಳು ಕೂಗಾಡಿದಳು. ಮೊಮ್ಮಗಳು ಮೆಲ್ಲನೆ ಹೊರಗೆ ಹೋಗಿ ಪಕ್ಕದ ಅಜ್ಜಿಯನ್ನು ಕೈಹಿಡಿದು ಕರೆತಂದಳು.

ಆಕೆ ಬಾಣಲೆಯೊಳಗೆ ಇಣುಕಿ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕರು. ನನಗೆ ಇನ್ನಷ್ಟು ರೇಗಿತು. ಮಿಕ್ಕ ಆಲೂಗಡ್ಡೆಯನ್ನು ತಟ್ಟೆಗೆ ಹರವಿ ಫ್ರಿಜ್ಜಿಗೆ ಸೇರಿಸಿ, ಎರಡು ಕೈಯನ್ನೂ ಕೆನ್ನೆಯಡಿ ಇಟ್ಟು ತೋರಿಸಿದರು: ಮಲಗಲಿ ಬಿಡು, ಆರಲಿ. ಆಮೇಲೆ ತಮ್ಮ ಚೀಲದಿಂದ ಎರಡು ಮೊಟ್ಟೆ ತೆಗೆದರು.

"ಇದೇನಿದು?"

ಮಗಳು ಅಡುಗೆಮನೆಯ ಬಾಗಿಲಲ್ಲಿ ನಿಂತು ನೆಲ ನೋಡಿದಳು. "ಪುಡಿ ಅಂಟೋಕೆ ಸ್ವಲ್ಪ ಮೇಲೆ ಹಾಕ್ತಾರಮ್ಮ. ಹೇಳಿದ್ರೆ ನೀನು ನಿನ್ನ ಮೊಮ್ಮಗಳಿಗೂ ತಿನ್ನೋಕೆ ಬಿಡ್ತಿರಲಿಲ್ಲ."

"ಬಾಣಂತನ ಮಾಡೋಕೆ ಬಂದೋಳಿಗೆ ಮೊಟ್ಟೆ ತಿನ್ನಿಸಿದ್ಯಲ್ಲೇ! ಹೆತ್ತ ತಾಯಿಗೆ!"

ಅವತ್ತು ಬೈದಷ್ಟು ಅವಳನ್ನು ನಾನು ಯಾವತ್ತೂ ಬೈದಿರಲಿಲ್ಲ. ಜಪಾನಿನ ಅಜ್ಜಿ ಏನೂ ತಿಳಿಯದೆ ಮೊಟ್ಟೆಯನ್ನು ಮೆತ್ತಗೆ ಚೀಲಕ್ಕೆ ವಾಪಸು ಹಾಕಿದರು. ಬೈಯುತ್ತ ಬೈಯುತ್ತಲೇ ನಾನು ಮೈದಾವನ್ನು ನೀರಿಗೆ ಕಲಸಿದೆ, ದೋಸೆ ಹಿಟ್ಟಿಗಿಂತ ಸ್ವಲ್ಪ ತೆಳ್ಳಗೆ. ಆರಿದ ಆಲೂಗಡ್ಡೆ ತಟ್ಟಿ, ಅದರಲ್ಲಿ ಅದ್ದಿ, ಪುಡಿ ಒತ್ತಿ ಎಣ್ಣೆಗೆ ಬಿಟ್ಟರೆ, ಒಂದೂ ಒಡೆಯಲಿಲ್ಲ. ಆಕೆ ಒಂದನ್ನು ಬಾಯಿಗಿಟ್ಟು, ಕಣ್ಣು ಅಗಲಿಸಿ, ನನ್ನ ಮೈದಾ ಬಟ್ಟಲನ್ನು ಎತ್ತಿ ನೋಡಿದರು. ನೋಡಲಿ! ಇಂಗನ್ನೂ ಒಂದಿಷ್ಟು ಸೇರಿಸಿದ್ದೆ; ಅದನ್ನು ಯಾರಿಗೂ ಹೇಳಲಿಲ್ಲ.

ಶುಕ್ರವಾರ ಮಧ್ಯಾಹ್ನ ಬಸ್ಸು ಬರುವ ಮುಂಚೆಯೇ ಬಾಗಿಲಲ್ಲಿ ನಿಂತಿದ್ದೆ. ತಿಂದರೋ, ಮೂಗು ಮುಚ್ಚಿಕೊಂಡರೋ?

"ಎಲ್ಲಾ ಖಾಲಿ ಅಜ್ಜಿ! ಟೀಚರೂ ತಿಂದ್ರು. ನಮ್ಮಜ್ಜಿ ಮಾಡಿದ್ದು ಅಂತ ಹೇಳ್ದೆ."

"ಪಕ್ಕದ ಮನೆ ಹುಡುಗ ಏನು ತಂದಿದ್ದ?"

"ಪಿಜ್ಜಾ."

ಪಾಪ, ಆ ಅಜ್ಜಿ! ಅಷ್ಟು ಚೆನ್ನಾಗಿ ಕೊರೊಕ್ಕೆ ಮಾಡುವವರ ಮೊಮ್ಮಗ ಅಂಗಡಿಯ ಪಿಜ್ಜಾ ಹೊತ್ತುಕೊಂಡು ಹೋಗುವುದೇ? ಆಕೆಯ ಪರವಾಗಿ ನನಗೆ ಸಿಟ್ಟು ಬಂತು.

ಡಬ್ಬಿ ತೊಳೆಯಲು ಮುಚ್ಚಳ ತೆಗೆದೆ. ಒಳಗೆ ಒಂದು ಬಿಸ್ಕತ್ತು ಇತ್ತು, ಮೂಲೆ ಮುರಿದದ್ದು.

"ಇದೇನು ಪುಟ್ಟಾ?"

"ಖಾಲಿ ಕೊಡಬಾರದು, ಅಜ್ಜಿ," ಎಂದಳು, ನನಗೆ ಅಷ್ಟೂ ಗೊತ್ತಿಲ್ಲವೇ ಎನ್ನುವ ಹಾಗೆ.

ಅಲ್ಲೇ ನಿಂತು ಅದನ್ನು ತಿಂದೆ. ಮೊಟ್ಟೆ ಇದೆಯೇ ಎಂದು ಯಾರನ್ನೂ ಕೇಳಲಿಲ್ಲ. ಮಗಳು ಏನೋ ಹೇಳಲು ಬಾಯಿ ತೆರೆದಳು, ಕೈಯೆತ್ತಿ ಸುಮ್ಮನಿರಿಸಿದೆ.