ಸದ್ದು ಆಮೇಲೆ ಬಂತು

ಮೊನ್ನೆ ಕುಮಟೆಯ ಧಕ್ಕೆಯಲ್ಲಿ ಯಾರೋ ದೋಣಿಯ ಇಂಜಿನ್ನಿಗೆ ಸೀಮೆಎಣ್ಣೆ ಸುರಿಯುತ್ತಿದ್ದರು. ಆ ಕಟುವಾಸನೆ ಮೂಗಿಗೆ ತಾಗಿದ್ದೇ ತಡ, ಕರ್ಕಿಯ ನಮ್ಮ ಮನೆ, ಸಂಜೆ ಜಗಲಿಯಲ್ಲಿ ಕೂತು ಬೂದಿಯಿಂದ ಲಾಟೀನಿನ ಗಾಜು ಉಜ್ಜುತ್ತಿದ್ದ ನನ್ನ ಹೆತ್ತ ಆಯಿ, ಅವಳೆದುರು ಮಾತು ನಿಲ್ಲಿಸದ ಚಿಕ್ಕಪ್ಪ, ಎಲ್ಲ ಒಟ್ಟಿಗೇ ಎದ್ದು ಬಂದರು. ಆ ಮನೆ ಈಗಿಲ್ಲ. ಹೆದ್ದಾರಿ ಅಗಲವಾದಾಗ ಹೋಯಿತು. ಅಲ್ಲಿದ್ದವರು ಅದಕ್ಕೂ ಮೊದಲೇ ಹೋಗಿದ್ದರು.

ಚಿಕ್ಕಪ್ಪ ಹೊನ್ನಾವರದಲ್ಲಿ ವಿಜ್ಞಾನದ ಮಾಸ್ತರ. ರಷ್ಯಾದವರು ಮೊದಲ ಉಪಗ್ರಹ ಹಾರಿಸಿದಾಗಿನಿಂದ ಅವನಿಗೆ ರಾಕೆಟ್ಟಿನ ಹುಚ್ಚು. ಸೀಮೆಎಣ್ಣೆಯ ಬಾಟಲಿ ಎತ್ತಿ ಹಿಡಿದು ನನಗೆ ಹೇಳುತ್ತಿದ್ದ: "ಜಾತ್ರೆಲಿ ಸಿಡಿಸುವ ಗರ್ನಾಲಿನ ಮದ್ದಿಗೆ ಒಮ್ಮೆ ಬೆಂಕಿ ತಾಗಿದ್ರೆ ಮುಗೀತು, ಯಾರ ಮಾತೂ ಕೇಳುದಿಲ್ಲ. ಈ ಎಣ್ಣೆಗಾದ್ರೆ ನಲ್ಲಿ ಇಡ್ಲಿಕ್ಕಾಗ್ತದೆ. ಬೇಕಾದಷ್ಟು ಬಿಡು, ಬೇಡಾದ್ರೆ ಮುಚ್ಚು. ಅದ್ಕೇ ಮನುಷ್ಯ ಮೇಲೆ ಹೋಪುದು ಇದ್ರಿಂದ್ಲೇ, ನೋಡ್ತಾ ಇರು." ಗಾಳಿಯಿಲ್ಲದಲ್ಲಿ ಉರಿಯಬೇಕೆಂದು ಆಮ್ಲಜನಕವನ್ನೂ ನೀರಾಗುವಷ್ಟು ತಣ್ಣಗೆ ಮಾಡಿ ಜೊತೆಗೇ ಒಯ್ಯುತ್ತಾರಂತೆ. ಅಮೆರಿಕದ ಮಾಸ್ತರನೊಬ್ಬ ಎಲ್ಲರ ನಗೆಗೀಡಾಗಿ ಹೊಲದಲ್ಲಿ ಇಂಥ ಮೊದಲ ರಾಕೆಟ್ಟನ್ನು ಹಾರಿಸಿದನಂತೆ. ಅದನ್ನು ದೊಡ್ಡದು ಮಾಡಿದವರು ಜರ್ಮನಿಯವರಂತೆ. ಯುದ್ಧಕ್ಕಾಗಿ ಎಂಬ ಮಾತನ್ನು ಮಾತ್ರ ಅವನು ಬೇಗ ದಾಟಿಬಿಡುತ್ತಿದ್ದ.

ನನ್ನ ಅಪ್ಪ ಹಡಗಿನಲ್ಲಿ ಬಾಯ್ಲರಿಗೆ ಕಲ್ಲಿದ್ದಲು ಹಾಕುವ ಕೆಲಸದಲ್ಲಿದ್ದವನು. ಯುದ್ಧದ ಕೊನೆಯಲ್ಲಿ ಲಂಡನ್ನಿನ ಬಂದರಿನ ಹತ್ತಿರ ಸತ್ತ. ನಾನಾಗ ಎದೆಹಾಲಿನ ಕೂಸು. ಹೇಗೆ ಸತ್ತನೆಂದು ಕೇಳಿದರೆ ಮನೆಯಲ್ಲಿ ಬರುತ್ತಿದ್ದ ಉತ್ತರ ಒಂದೇ: ಬಾಂಬು ಬಿತ್ತು.

ಮನುಷ್ಯ ಮೊದಲ ಸಲ ಭೂಮಿ ಸುತ್ತಿ ಬಂದ ವಾರ, ಜಾಲಿ ಊರಿನ ಹಸನ್ ಸಾಯ್ಬರು ನಮ್ಮ ಮನೆ ಹುಡುಕಿಕೊಂಡು ಬಂದರು. ಅಪ್ಪನ ಜೊತೆ ಅದೇ ಹಡಗಿನಲ್ಲಿದ್ದವರು, ಆಗಷ್ಟೇ ಸಮುದ್ರದ ಕೆಲಸ ಬಿಟ್ಟು ಊರಿಗೆ ಮರಳಿದ್ದರು. ಚಿಕ್ಕಪ್ಪ ಉತ್ಸಾಹದಲ್ಲಿ ಅವರಿಗೂ ರಾಕೆಟ್ಟಿನ ಕಥೆ ಶುರುಮಾಡಿದ. ಜರ್ಮನಿಯ ಹೆಸರು ಬಂದಾಗ ಸಾಯ್ಬರು ಚಹಾದ ಲೋಟ ಕೆಳಗಿಟ್ಟರು.

"ಆ ರಾಕೆಟ್ಟೇ ಮಾಸ್ತ್ರೆ, ನಿಮ್ಮಣ್ಣನ ಮೇಲೆ ಬಿದ್ದದ್ದು. ವಿಮಾನ ಇಲ್ಲ, ಸೈರನ್ ಇಲ್ಲ. ಸದ್ದಿಗಿಂತ ಬೇಗ ಬರುವಂಥದ್ದು, ಮೊದ್ಲು ಬಿತ್ತು. ಅದು ಬರುವ ಸದ್ದು ಆಮೇಲೆ ಬಂತು."

ಒಳಬಾಗಿಲಲ್ಲಿ ನಿಂತಿದ್ದ ಆಯಿ ಕೇಳಿದಳು, "ಹಂಗಾರೆ ಅವ್ರಿಗೆ ಎಂತದೂ ಕೇಳ್ಲಿಲ್ಲ ಅಲ್ದಾ?"

"ಇಲ್ಲಕ್ಕ. ಎಂತದೂ ಇಲ್ಲ."

ಭೂಮಿ ಸುತ್ತಿ ಬಂದವನ ಸಂಭ್ರಮಕ್ಕೆ ಮರುದಿನ ಶಾಲೆಯಲ್ಲಿ ಸಭೆ, ಚಿಕ್ಕಪ್ಪನದೇ ಭಾಷಣ. ಹೋಗುವುದಿಲ್ಲವೆಂದು ಕೂತವನಿಗೆ ಆಯಿ ಅಂಗಿ ತಂದುಕೊಟ್ಟಳು. "ಹೋಗು. ಎಲ್ಲಾ ಹೇಳು. ಇದನ್ನೂ ಹೇಳು." ಅವನು ಹೇಳತೊಡಗಿದ. ಈಗ ಮೇಲೆ ಹೋಗಿರುವುದು ಆ ರಾಕೆಟ್ಟಿನ ವಂಶದ್ದೇ ಎಂದ, ಯುದ್ಧ ಮುಗಿದ ಮೇಲೆ ಗೆದ್ದವರು ಅದನ್ನೂ ಅದನ್ನು ಮಾಡಿದವರನ್ನೂ ಹಂಚಿಕೊಂಡು ಒಯ್ದರು ಎಂದ. "ನನ್ನ ಅಣ್ಣ" ಎನ್ನುವಷ್ಟರಲ್ಲಿ ಅಧ್ಯಕ್ಷರು ನಗುತ್ತಲೇ ಎದ್ದು ತಡೆದರು: "ಸಂತೋಷದ ದಿನ ಮಾಸ್ತ್ರೆ, ಅದೆಲ್ಲ ಈಗ ಎಂತಕ್ಕೆ?" ಜನ ಚಪ್ಪಾಳೆ ತಟ್ಟಿದರು. ಅವನು ಕೆಳಗಿಳಿದು ಬಂದ. ಆಮೇಲೆ ವರ್ಷಗಟ್ಟಲೆ ನಮ್ಮ ಜಗಲಿಯಲ್ಲಿ ರಾಕೆಟ್ಟಿನ ಮಾತು ಬರಲಿಲ್ಲ. ಪಾಠ ಮಾಡಿದ, ಊಟ ಮಾಡಿದ, ಮದುವೆಯಾಗದೆ ಉಳಿದ.

ಕೆಲವು ವರ್ಷಗಳ ನಂತರ ಅಮೆರಿಕದವರು ಚಂದ್ರನ ಮೇಲೆ ಕಾಲಿಟ್ಟ ಸುದ್ದಿ ಬಂತು. ಮನುಕುಲದ ಗೆಲುವು ಎಂದಿತು ರೇಡಿಯೋ. ಅದಕ್ಕೆ ನಮ್ಮ ಮನೆಯಿಂದ ಏನು ಬೆಲೆ ಸಂದಿತ್ತೆಂದು ಯಾರಿಗೂ ಗೊತ್ತಿರಲಿಲ್ಲ, ಗೊತ್ತಿದ್ದರೂ ಬೇಕಿರಲಿಲ್ಲ. "ಆ ಯುದ್ಧದ ರಾಕೆಟ್ ಮಾಡಿದವ್ರೇ ಇದನ್ನೂ ಮಾಡಿದ್ದು. ಈಗ ಹಾರ ಹಾಕಿಸಿಕೊಳ್ತಾ ಇದ್ದಾರೆ" ಎಂದು ಚಿಕ್ಕಪ್ಪ ಅಂಗಳಕ್ಕಿಳಿದು ಹೋದ. ಆಯಿ ಮಾತ್ರ ರೇಡಿಯೋದೆದುರು ಕೂತೇ ಇದ್ದಳು, ಆಮೇಲಿನ ದಿನಗಳಲ್ಲೂ ವಾರ್ತೆಯ ಹೊತ್ತಿಗೆ ಬಂದು ಕೂರುತ್ತಿದ್ದಳು. ಚಂದ್ರನಿಗೆ ಹೋದ ಮೂವರು ಸಮುದ್ರಕ್ಕಿಳಿದ ಸುದ್ದಿ ಇಂಗ್ಲಿಷಿನಲ್ಲಿ ಬಂದಾಗ ಅವಳು ಚಿಕ್ಕಪ್ಪನ ಮುಖ ನೋಡಿದಳು.

"ಮೂರೂ ಜನ ತಿರುಗಿ ಬಂದ್ರಾ?"

"ಬಂದ್ರು ಅತ್ತಿಗೆ."

"ಅವರ ಹೆಂಡ್ರು ಕಾಯ್ತಿದ್ರೇನೋ" ಎಂದಳು ಆಯಿ. ರೇಡಿಯೋ ಆರಿಸಿ, "ಆತು" ಎಂದು ಒಳಗೆ ಹೋದಳು.