ಎರವಲು ಸಾಕ್ಷಿ

ಮೈಕು ಕೈಗೆ ತೆಗೆದುಕೊಳ್ಳುವ ಮೊದಲು ನಾನು ನಮ್ಮಣ್ಣನನ್ನು ಒಂದು ಮಾತು ಕೇಳಲಿಲ್ಲ. ಅವನು ದೂರವೇನೂ ಇರಲಿಲ್ಲ. ಆರ್.ಟಿ. ನಗರದ ಬಸ್ ನಿಲ್ದಾಣದ ಪಕ್ಕದಲ್ಲಿ, ನನ್ನಿಂದ ನಾಲ್ಕು ಹೆಜ್ಜೆಯಾಚೆ, ಹೆಂಡತಿಯ ಜೊತೆ ನಿಂತಿದ್ದ. ‘ಇದನ್ನು ಹೇಳಲಾ?’ ಎಂದು ಕೇಳಿದ್ದರೆ ಬೇಡ ಎನ್ನುತ್ತಿದ್ದ. ಅದು ನನಗೆ ಗೊತ್ತಿತ್ತು. ಅದಕ್ಕೇ ಕೇಳಲಿಲ್ಲ.

ನಾನು ಓದಿದ್ದು ನಾಲ್ಕನೇ ಕ್ಲಾಸು. ಹುಟ್ಟಿದ್ದು ಯಲಹಂಕದ ಪಕ್ಕದ ಹಳ್ಳಿ ಕೋಗಿಲಿನಲ್ಲಿ. ಅಪ್ಪ ಬೇಗ ಹೋದ. ನಾನು ಹನ್ನೆರಡರವಳಿದ್ದಾಗ ಅವ್ವನೂ ಹೋದಳು. ಆಮೇಲೆ ನನ್ನನ್ನು ಸಾಕಿದ್ದು ನನಗಿಂತ ಏಳು ವರ್ಷ ದೊಡ್ಡವನಾದ ಅಣ್ಣ. ಯಶವಂತಪುರದ ಗೂಡ್ಸ್ ಶೆಡ್ಡಿನಲ್ಲಿ ಹಮಾಲಿಯಾಗಿ ಸಿಮೆಂಟು ಮೂಟೆ, ಗೋಧಿ ಮೂಟೆ ಹೊತ್ತು ನನ್ನ ಮದುವೆಯನ್ನೂ ಮಾಡಿದ. ಕುಡಿಯುತ್ತಿದ್ದ, ಆದರೆ ಕುಡಿದು ಒಂದು ದಿನವೂ ನನ್ನ ಮೇಲೆ ಕೈ ಎತ್ತಿದವನಲ್ಲ.

ಮದುವೆಯಾಗಿ ಆರ್.ಟಿ. ನಗರಕ್ಕೆ ಬಂದ ಮೇಲೆ ನನ್ನ ಮಗುವಿಗೆ ಇಳಿಯದ ಜ್ವರ ಬಂತು. ಪಕ್ಕದ ಮನೆಯಾಕೆ ಮಗುವಿನ ತಲೆಯ ಮೇಲೆ ಕೈಯಿಟ್ಟು ಪ್ರಾರ್ಥನೆ ಮಾಡಿದಳು. ಜ್ವರ ಬಿಟ್ಟಿತು. ನಾನು ಅವಳ ಜೊತೆ ಕ್ರೈಸ್ತ ಸಭೆಗೆ ಹೋದೆ, ನಂಬಿದೆ, ದೀಕ್ಷಾಸ್ನಾನ ತೆಗೆದುಕೊಂಡೆ. ಆ ನಂಬಿಕೆ ಸುಳ್ಳಲ್ಲ, ಇವತ್ತಿಗೂ ನನ್ನಲ್ಲಿದೆ. ಸುಳ್ಳಾದವಳು ನಾನು.

ನಂಬಿದ್ದನ್ನು ನಾಲ್ಕು ಜನಕ್ಕೆ ಹೇಳಬೇಕು ಎಂದು ನಮಗೆ ಕಲಿಸಿದ್ದರು. ಶನಿವಾರ ಚೀಲದ ತುಂಬ ಕರಪತ್ರ ಇಟ್ಟುಕೊಂಡು ಹೊರಡುತ್ತಿದ್ದೆವು. ಕೋಗಿಲಿನಲ್ಲಿ ಹಳೆಯ ಪರಿಚಯದ ಹೆಂಗಸರು ಕೂರಿಸಿ ಬೆಲ್ಲ, ನೀರು ಕೊಟ್ಟು, “ಆಯ್ತು ಬಿಡವ್ವ, ನಿಮ್ ದ್ಯಾವ್ರಿಗೂ ಒಂದ್ ಕೈ ಮುಗೀತೀವಿ. ಬಿಸ್ಲಲ್ಲಿ ಇಂಗೆ ಅಲೀಬ್ಯಾಡ” ಎನ್ನುತ್ತಿದ್ದರು. ಆರ್.ಟಿ. ನಗರದಲ್ಲಿ ಕಿರಾಣಿ ಅಂಗಡಿಯ ಸಾಹೇಬರು ಕರಪತ್ರವನ್ನು ಎರಡೂ ಕೈಯಲ್ಲಿ ತೆಗೆದುಕೊಂಡು, “ಓದ್ತೀನಮ್ಮ. ನಾನೂ ಒಂದು ಕೊಡ್ತೀನಿ, ನೀವೂ ಓದ್ತೀರಾ?” ಎಂದು ಕೇಳಿದರು. ನಾನು ಚೀಲ ಎತ್ತಿಕೊಂಡು ಮುಂದಿನ ಮನೆಗೆ ಹೋದೆ. ಬೇರೆಯವರು ಕೇಳಬೇಕು ಅನ್ನುವುದಷ್ಟೇ ನನಗೆ ಬರುತ್ತಿದ್ದುದು.

ನಮ್ಮ ಸಭೆಯಲ್ಲಿ ಸಾಕ್ಷಿ ಹೇಳುವ ಪದ್ಧತಿ ಇತ್ತು. ಎದ್ದು ನಿಂತು, ನಾನು ಮೊದಲು ಹೀಗಿದ್ದೆ, ದೇವರು ನನ್ನನ್ನು ಹೀಗೆ ಎತ್ತಿದರು ಎಂದು ಹೇಳಬೇಕು. ವಿಷ ಕುಡಿದು ಬದುಕಿ ಬಂದ ತಮಿಳಿನವಳೊಬ್ಬಳಿದ್ದಳು. ಹೆಬ್ಬಾಳದ ಕಡೆ ಚಾಕು ಹಿಡಿದು ತಿರುಗುತ್ತಿದ್ದವನೊಬ್ಬನಿದ್ದ. ಅವರು ಎದ್ದರೆ ಮಕ್ಕಳು ಕೂಡ ಅಳು ನಿಲ್ಲಿಸುತ್ತಿದ್ದವು. ನಾನು ಎದ್ದರೆ ಜ್ವರ ಬಂತು, ಪ್ರಾರ್ಥನೆ ಮಾಡಿದರು, ಬಿಟ್ಟಿತು, ಅಷ್ಟೇ. ಡಾಕ್ಟರು ಕೊಟ್ಟ ಗುಳಿಗೆಯ ವಿಷಯ ಬಿಟ್ಟು ಹೇಳಿದರೂ ಅದಕ್ಕೆ ತೂಕ ಬರುತ್ತಿರಲಿಲ್ಲ. ಜನ ಬೀಸಣಿಗೆ ಬೀಸಿಕೊಳ್ಳುತ್ತಿದ್ದರು. ಹೇಳಿಕೊಳ್ಳುವಂಥ ಪಾಪ ನನಗಿಲ್ಲವಲ್ಲ ಎಂದು ನಾನು ಹೊಟ್ಟೆಕಿಚ್ಚುಪಟ್ಟಿದ್ದೇನೆ. ಬರೆಯಲು ನಾಚಿಕೆಯಾಗುತ್ತದೆ, ಆದರೆ ನಿಜ.

ಎಪ್ಪತ್ತರ ದಶಕದ ನಡುವೆ ಅಣ್ಣ ತಾನಾಗಿಯೇ ಸಭೆಗೆ ಬರತೊಡಗಿದ. ಬಾಗಿಲ ಬಳಿ, ಚಪ್ಪಲಿಗಳ ಪಕ್ಕ ಕೂರುತ್ತಿದ್ದ. ಎರಡು ತಿಂಗಳಾದ ಮೇಲೆ ಒಂದು ಭಾನುವಾರ ನನ್ನನ್ನು ಹುಣಸೆಮರದ ಕೆಳಗೆ ಕರೆದುಕೊಂಡು ಹೋಗಿ, ಕುಡಿಯುವುದನ್ನು ಬಿಟ್ಟಿದ್ದೇನೆ ಎಂದ. ಆಮೇಲೆ ಅವ್ವ ಸತ್ತ ದಿನದ ಮಾತು ತೆಗೆದ.

ಆ ದಿನ ಬೆಳಿಗ್ಗೆ ಅವ್ವನಿಗೆ ಉಸಿರಾಡಲು ಆಗುತ್ತಿರಲಿಲ್ಲ. ಆಸ್ಪತ್ರೆಗೆ ಕರೆದೊಯ್ಯಲು ಜಟಕಾ ತರುತ್ತೇನೆಂದು ಅಣ್ಣ ಯಲಹಂಕಕ್ಕೆ ಹೋದ. ದಾರಿಯಲ್ಲಿ ಸ್ನೇಹಿತರು ಸಾರಾಯಿ ಅಂಗಡಿಗೆ ಎಳೆದರು. ಜಟಕಾ ತಂದದ್ದು ಸಂಜೆ ದೀಪ ಹಚ್ಚುವ ಹೊತ್ತಿಗೆ. ಅವ್ವ ಮಧ್ಯಾಹ್ನವೇ ಹೋಗಿದ್ದಳು. ಊರಿನವರಿಗೆ, ಮುಂದೆ ಹೆಂಡತಿಗೂ, ಸಂಜೆಯವರೆಗೂ ಜಟಕಾ ಸಿಗಲಿಲ್ಲ ಎಂದೇ ಹೇಳಿದ್ದ. ನಿಜ ಹೇಳಿದ್ದು ನನಗೊಬ್ಬಳಿಗೇ.

“ಇದನ್ನ ದೇವ್ರು ಕ್ಷಮಿಸ್ತಾನೇನೇ?” ಎಂದು ಕೇಳಿದ.

“ಸಭೇಲಿ ಎದ್ದು ಹೇಳ್ಬಿಡಣ್ಣ, ಹಗುರಾಗುತ್ತೆ” ಎಂದೆ.

“ಅದಾಗಲ್ಲ ಕಣೇ. ನೀನೇ ಇಲ್ಲೇ ಕೂತು ಒಂದು ಪ್ರಾರ್ಥನೆ ಮಾಡು, ಸಾಕು.”

“ಪಾಸ್ಟರ್ ಕೈಲಿ ಮಾಡಿಸೋಣ” ಎಂದು ಹೇಳಿ ನಾನು ಕರಪತ್ರದ ಚೀಲ ತರಲು ಓಡಿದೆ. ಅವನ ಪಕ್ಕದಲ್ಲಿ ಹತ್ತು ನಿಮಿಷ ಕೂರಲಿಲ್ಲ.

ಅದಾದ ಎರಡು ವಾರಕ್ಕೆ ಆರ್.ಟಿ. ನಗರದಲ್ಲಿ ಬೀದಿ ಕೂಟ. ಅಣ್ಣ ಹೆಂಡತಿಯನ್ನೂ ಶೆಡ್ಡಿನ ಏಳೆಂಟು ಹಮಾಲಿಗಳನ್ನೂ ಕರೆತಂದಿದ್ದ. “ನಮ್ ತಂಗಿ ಮಾತಾಡ್ತಾಳೆ, ಬನ್ರೋ” ಎಂದು ಹೆಮ್ಮೆಯಿಂದ ಕರೆದಿದ್ದನಂತೆ. ಮುಂದಿನ ತಿಂಗಳು ಅವನ ದೀಕ್ಷಾಸ್ನಾನ ಎಂದು ಮಾತಾಗಿತ್ತು. ನನ್ನ ಸರದಿ ಬಂತು. ಜ್ವರದ ಕಥೆ ಎರಡು ನಿಮಿಷಕ್ಕೆ ಮುಗಿಯಿತು. ಅಷ್ಟರಲ್ಲಿ ಬಸ್ಸು ಬಂತು, ಜನ ಅತ್ತ ತಿರುಗಿದರು. ಅವರು ಹೋಗಿಬಿಡುತ್ತಾರೆ ಎನಿಸಿತು. “ಇಲ್ಲಿ ಕೇಳಿ! ಹೆತ್ತ ತಾಯಿ ಸಾಯ್ತಾ ಇದ್ರೆ ಸಾರಾಯಿ ಅಂಗಡೀಲಿ ಕೂತಿದ್ದ ಮಗನನ್ನ ದೇವರು ಬದಲಾಯಿಸಿದ್ದಾರೆ. ಆ ಮಗ ಇಲ್ಲೇ ನಿಂತಿದ್ದಾನೆ!” ಎಂದು ಕೂಗಿ, ಜಟಕಾದಿಂದ ಹಿಡಿದು ಎಲ್ಲವನ್ನೂ ಹೇಳಿದೆ. ಬಸ್ಸಿಗೆ ಹೊರಟವರೂ ನಿಂತರು. ಕಂಡಕ್ಟರ್ ಕೂಡ ಕಿಟಕಿಯಿಂದ ತಲೆ ಹಾಕಿದ. ಅಂಥ ಮೌನ ನನ್ನ ಮಾತಿಗೆ ಯಾವತ್ತೂ ಸಿಕ್ಕಿರಲಿಲ್ಲ. ಅದು ಹಿತವಾಗಿತ್ತು.

ಅತ್ತಿಗೆ ಗಂಡನ ಕಡೆ ತಿರುಗಿ, “ಗಾಡಿ ಸಿಗ್ಲಿಲ್ಲ ಅಂದಿದ್ರಲ್ರೀ?” ಎಂದಳು. ಮೈಕಿನ ಹತ್ತಿರವೇ ಇದ್ದುದರಿಂದ ಅದೂ ಎಲ್ಲರಿಗೂ ಕೇಳಿಸಿತು. ಅಣ್ಣ ನನ್ನನ್ನು ನೋಡಲಿಲ್ಲ. ಹೆಗಲ ಮೇಲಿನ ಟವೆಲ್ಲು ತೆಗೆದು ಮುಖ ಒರೆಸಿಕೊಂಡು ನಡೆದುಬಿಟ್ಟ. ಆಮೇಲೆ ಸಭೆಯ ಬಾಗಿಲಿಗೆ ಬರಲಿಲ್ಲ. ನನ್ನ ಮನೆಯ ಬಾಗಿಲಿಗೂ ಬರಲಿಲ್ಲ.

ಮೊದಲ ಸಲ ಬಾಯಿ ಜಾರಿತು ಎನ್ನಬಹುದು. ಆದರೆ ಎಲ್ಲರೂ ಹೊಗಳಿದರು, ಯಲಹಂಕಕ್ಕೆ ಕರೆದರು, ಹೆಬ್ಬಾಳಕ್ಕೆ ಕರೆದರು. ಹೋದಲ್ಲೆಲ್ಲ ಅದನ್ನೇ ಹೇಳಿದೆ. ಹೇಳುತ್ತಾ ಹೇಳುತ್ತಾ ಅವ್ವ “ಮಗನೇ, ಮಗನೇ” ಎಂದು ಕೂಗಿದಳೆಂದು ಸೇರಿಸಿದೆ. ಅವ್ವ ಹಾಗೆ ಕೂಗಿರಲಿಲ್ಲ. ಅವಳಿಗೆ ಕೂಗುವಷ್ಟು ಉಸಿರೇ ಇರಲಿಲ್ಲ. ಅಣ್ಣ ಬಂದು ಮಾತಾಡಿಸದಿದ್ದಕ್ಕೆ, ಅವನ ಹೃದಯ ಕಠಿಣವಾಗಿದೆ, ಅವನಿಗಾಗಿ ಪ್ರಾರ್ಥಿಸಿ ಎಂದು ಬೇಡಿಕೊಳ್ಳುತ್ತಿದ್ದೆ. ಎಂಟು ಹತ್ತು ವರ್ಷ ಹೀಗೆ ನಡೆಯಿತು.

ಎಂಬತ್ತರ ದಶಕದಲ್ಲಿ ಯಶವಂತಪುರದ ಮಾರುಕಟ್ಟೆ ಯಾರ್ಡಿಗೆ ಕರಪತ್ರ ಹಂಚಲು ಹೋಗಿದ್ದೆ. ಈರುಳ್ಳಿ ಮಂಡಿಯೊಂದರ ಮುಂದೆ ಗುಮಾಸ್ತನೊಬ್ಬ, “ಏ ಜಟಕಾ! ಲಾರಿ ಬಂತು, ಎಲ್ಲಿ ಸತ್ತೆಯಯ್ಯಾ?” ಎಂದು ಕೂಗಿದ. ಪಕ್ಕದಲ್ಲಿದ್ದವನು, “ಜಟಕಾ ಯಾವತ್ ಗುರು ಹೊತ್ತಿಗ್ ಸರಿಯಾಗಿ ಬಂದಿದ್ದು?” ಎಂದು ನಕ್ಕ. ಮೂಟೆಗಳ ಹಿಂದಿನಿಂದ ಒಬ್ಬ ಮುದುಕ, “ಬಂದೆ ಬಂದೆ” ಎನ್ನುತ್ತಾ ಎದ್ದು ಬಂದ. ನಮ್ಮಣ್ಣ. ಮುದುಕನಾಗುವ ವಯಸ್ಸಲ್ಲ ಅವನದು.

ನಾನು ಈರುಳ್ಳಿ ಚೀಲಗಳ ಮರೆಗೆ ಸರಿದೆ. ಅಣ್ಣ ಲಾರಿಯ ಕಡೆ ಹೋದ ಮೇಲೆ ಆ ಗುಮಾಸ್ತನನ್ನು, ಯಾಕೆ ಹಾಗೆ ಕರೀತೀರಿ ಎಂದು ಕೇಳಿದೆ. “ಯಾಕೋ ಗೊತ್ತಿಲ್ಲಮ್ಮ, ಗೂಡ್ಸ್ ಶೆಡ್ ಕಾಲದಿಂದ ಹಂಗೇ ಕರೀತಾರಂತೆ” ಎಂದ. ಯಾಕೆಂದು ಗೊತ್ತಿಲ್ಲದವರ ಬಾಯಿಗೂ ಆ ಹೆಸರು ಹೋಗಿತ್ತು. ನಮ್ಮಣ್ಣ ಅದಕ್ಕೆ ‘ಬಂದೆ’ ಎನ್ನುತ್ತಿದ್ದ.

ಆ ಭಾನುವಾರ ಸಭೆಯಲ್ಲಿ ಎದ್ದು ನಿಂತೆ, ನನ್ನ ತಪ್ಪು ಒಪ್ಪಿಕೊಳ್ಳಲೆಂದೇ. “ಹೇಳಮ್ಮ, ಸಾಕ್ಷಿ ಹೇಳು” ಎಂದರು ಪಾಸ್ಟರು. ಎಲ್ಲ ಮುಖಗಳೂ ನನ್ನ ಕಡೆ ತಿರುಗಿದವು. ಆಗ ತಿಳಿಯಿತು: ಈಗ ಬಾಯಿ ತೆರೆದರೆ ಅಣ್ಣ ಮತ್ತೆ ನನ್ನ ಕಥೆಯಾಗುತ್ತಾನೆ. ಜನ ಅಳುತ್ತಾರೆ, ನನ್ನ ಬೆನ್ನು ತಟ್ಟುತ್ತಾರೆ. ಏನೂ ಹೇಳದೆ ಕೂತುಬಿಟ್ಟೆ.

ಹಾಗೆ ಕೂತಾಗ ಇಪ್ಪತ್ತು ವರ್ಷಕ್ಕೂ ಮಿಕ್ಕಿ ಮುಚ್ಚಿಟ್ಟಿದ್ದು ಎದ್ದು ಬಂತು. ಅಂದು ಯಲಹಂಕಕ್ಕೆ ಹೊರಡುವಾಗ ಅಣ್ಣ ನನಗೊಂದು ಮಾತು ಹೇಳಿ ಹೋಗಿದ್ದ: ನಾನು ತಡ ಮಾಡಿದರೆ ಗೌಡರ ಮನೆಗೆ ಓಡು, ಅವರ ಎತ್ತಿನ ಗಾಡಿ ಕೇಳು. ಗೌಡರ ಮನೆ ನಮ್ಮಿಂದ ಕೂಗಳತೆ. ಹಿಂದಿನ ದಿನ ನಾನು ಅವರ ಸೀಬೆಹಣ್ಣು ಕದ್ದು ಸಿಕ್ಕಿಬಿದ್ದಿದ್ದೆ. ಬೈಯುತ್ತಾರೆಂದು ಹೆದರಿ ಹೋಗಲಿಲ್ಲ. ಅವ್ವನ ಪಕ್ಕ ಸುಮ್ಮನೆ ಕೂತಿದ್ದೆ. ಸಂಜೆ ಬಂದ ಅಣ್ಣ ಮೊದಲು ಕೇಳಿದ್ದು, “ಗೌಡ್ರ ಮನೇಗ್ ಓಗ್ಲಿಲ್ವೇನೇ?” ಎಂದು. ನಾನು ಇಲ್ಲವೆಂದು ತಲೆಯಾಡಿಸಿದೆ. ಮತ್ತೆ ಅವನು ಆ ಮಾತು ಎತ್ತಲಿಲ್ಲ. ಊರಿಗೆ ಹೇಳಲಿಲ್ಲ, ಹೆಂಡತಿಗೆ ಹೇಳಲಿಲ್ಲ. ನಾನು ಮೈಕಿನಲ್ಲಿ ಅವನನ್ನು ಬಯಲು ಮಾಡಿದಾಗಲೂ ‘ನೀನೇನು ಮಾಡಿದೆ’ ಎಂದು ತಿರುಗಿ ಕೇಳಲಿಲ್ಲ. ಹೇಳಿಕೊಳ್ಳುವಂಥ ಪಾಪ ನನಗಿಲ್ಲ ಎಂದು ನಾನು ಕೊರಗುತ್ತಿದ್ದಾಗೆಲ್ಲ ನನ್ನ ಪಾಪವನ್ನು ಅವನು ಕಾದುಕೊಂಡಿದ್ದ.

ಮಾರನೆಯ ದಿನ ಊಟದ ಹೊತ್ತಿಗೆ ಯಾರ್ಡಿಗೆ ಹೋದೆ. ಚೀಲ ಒಯ್ಯಲಿಲ್ಲ. ಹಮಾಲಿಗಳು ಸಾಲಾಗಿ ಕೂತು ಮುದ್ದೆ ಉಣ್ಣುತ್ತಿದ್ದರು. ಅಣ್ಣ ನನ್ನನ್ನು ನೋಡಿ ಕೈ ನಿಲ್ಲಿಸಿದ. ಅವನ ಪಕ್ಕ ಕುಕ್ಕರಗಾಲಲ್ಲಿ ಕೂತು, “ಅಣ್ಣ, ನಿನ್ನ ಹತ್ರ ಒಂದು ಮಾತು” ಎಂದು ದನಿ ತಗ್ಗಿಸಿದೆ.

ಅವನು ತಟ್ಟೆ ನೋಡಿಕೊಂಡೇ ಹೇಳಿದ: “ಅವತ್ತು ಬಸ್ಸಲ್ಲಿ ಓಗೋರ್ಗೂ ಕೇಳ್ಸಿದೋಳು. ಇವತ್ ಯಾಕೆ ಪಿಸುಗುಟ್ತೀಯ?”

ಒಬ್ಬ, “ಯಾರಯ್ಯಾ ಜಟಕಾ, ನಿಮ್ಮೋರಾ?” ಎಂದ. ಅಣ್ಣ ಮುದ್ದೆ ಮುರಿಯತೊಡಗಿದ.

ನಾನು ಎದ್ದು ನಿಂತೆ. ನನ್ನದನ್ನು ಹೇಳಲು ಯಾರ ಅಪ್ಪಣೆಯೂ ಬೇಕಿರಲಿಲ್ಲ. ಆ ಸಾಲಿನಲ್ಲಿದ್ದ ಎಲ್ಲರಿಗೂ ಕೇಳುವ ಹಾಗೆ ಹೇಳಿದೆ:

“ನಾನು ಇವನ ತಂಗಿ. ನಮ್ಮವ್ವ ಸಾಯೋ ದಿನ ಗಾಡಿ ನಮ್ಮ ಮನೆ ಹತ್ರಾನೇ ಇತ್ತು. ಕೇಳ್ಕೊಂಡ್ ಬಾ ಅಂತ ಇವನು ನನಗೆ ಹೇಳಿ ಹೋಗಿದ್ದ. ನಾನು ಹೋಗ್ಲಿಲ್ಲ. ಅದನ್ನ ಇವನು ಯಾರಿಗೂ ಹೇಳ್ಲಿಲ್ಲ. ಇವನದನ್ನ ನಾನು ಊರಿಗೆಲ್ಲ ಹೇಳ್ದೆ, ಇವನನ್ನ ಒಂದು ಮಾತೂ ಕೇಳ್ಲಿಲ್ಲ. ತಪ್ಪಾಯ್ತು, ಅಣ್ಣ.”